ಬಾವಿಯ ಬಾಯಲ್ಲಿ ನಿಂತ ನಗರ

ಮೆಕ್ಸಿಕೊ ದೇಶದ ಯುಕಟಾನ್ ಪರ್ಯಾಯದ್ವೀಪಕ್ಕೆ ಬರುವ ಪ್ರವಾಸಿಗಳಿಗೆ ಹಂಚುವ ಕರಪತ್ರಗಳಲ್ಲಿ ಎರಡು ಚಿತ್ರಗಳು ಅಕ್ಕಪಕ್ಕದಲ್ಲಿ ಅಚ್ಚಾಗಿರುವುದು ವಾಡಿಕೆ. ಒಂದು, ಬಿಸಿಲಿನಲ್ಲಿ ಬೆಳ್ಳಗೆ ನಿಂತ, ಮೆಟ್ಟಿಲು ಮೆಟ್ಟಿಲಾಗಿ ಏರಿದ ಶಿಲಾಗೋಪುರ. ಇನ್ನೊಂದು, ನೆಲದೊಳಗೆ ತೆರೆದ ದುಂಡನೆಯ ಮಡುವಿನಲ್ಲಿ ಈಜುತ್ತಿರುವ ಜನ. ಬೆಳಗ್ಗೆ ಮಾಯಾ ಜನರ ಪಾಳುನಗರ, ಮಧ್ಯಾಹ್ನ ತಣ್ಣೀರಿನ ಈಜು, ಸಂಜೆಗೆ ಮರಳಿ ಬಿಡಾರ: ಮಾರ್ಗದರ್ಶಿಯೊಡನೆ ಮಾಡುವ ಒಂದು ದಿನದ ಸಂಚಾರದ ಕ್ರಮ ಇದು. ಮೊದಲನೆಯದು ಇತಿಹಾಸ, ಎರಡನೆಯದು ವಿನೋದ. ಒಂದರ ದಣಿವನ್ನು ಇನ್ನೊಂದರಿಂದ ಕಳೆಯಲೆಂದು ಮಾಡಿದ ಏರ್ಪಾಡು ಎಂದು ಯಾರಿಗಾದರೂ ತೋರುವುದು ಸಹಜ.

ವಸ್ತುಸ್ಥಿತಿ ಹಾಗಿಲ್ಲ. ಗೋಪುರ ಮತ್ತು ಮಡು ಎರಡಕ್ಕೂ ಮೂಲ ಒಂದೇ. ಅದು ಆ ನಾಡಿನ ಸುಣ್ಣಕಲ್ಲು, ಮತ್ತು ಆ ಕಲ್ಲಿನೊಳಗೆ ಕಾಣದಂತೆ ಚಲಿಸುತ್ತಿರುವ ನೀರು. ಮಡು ಇಲ್ಲದಿದ್ದರೆ ಅಲ್ಲಿ ನಗರ ಹುಟ್ಟುತ್ತಿರಲಿಲ್ಲ. ನಗರ ಅಳಿದುಹೋಗಿದೆ, ನೀರು ಉಳಿದಿದೆ. ಅದನ್ನೇ ಇಂದಿಗೂ ಲಕ್ಷಾಂತರ ಜನ ಕುಡಿಯುತ್ತಿದ್ದಾರೆ. ಆದುದರಿಂದ ಈ ಒಂದು ದಿನದ ಸಂಚಾರವನ್ನು ನೀರಿನ ಜಾಡು ಹಿಡಿದು ಮಾಡುವುದು ಉಚಿತ. ವಾಚಕರನ್ನು ಆ ದಾರಿಯಲ್ಲಿ ಕರೆದೊಯ್ಯುವುದೇ ಈ ಲೇಖನದ ಉದ್ದೇಶ.

ನದಿಯಿಲ್ಲದ ನಾಡು

ಮೆರಿದಾ ನಗರದಿಂದ ಪೂರ್ವಕ್ಕೆ ಸುಮಾರು 120 ಕಿಲೊಮೀಟರ್ ದೂರದಲ್ಲಿ ಚಿಚೆನ್ ಇತ್ಸಾ ಎಂಬ ಪಾಳುನಗರವಿದೆ. ಬಸ್ಸಿನ ಕಿಟಕಿಯಿಂದ ಹೊರಗೆ ನೋಡುತ್ತ ಹೋದರೆ ಕುರುಚಲು ಕಾಡು, ತಟ್ಟೆಯಂತೆ ಮಟ್ಟಸವಾದ ನೆಲ, ಅಲ್ಲಲ್ಲಿ ಊರುಗಳು. ಆದರೆ ದಾರಿಯುದ್ದಕ್ಕೂ ನೀರಿನ ಮೇಲೆ ಕಟ್ಟಿದ ಒಂದು ಸೇತುವೆಯೂ ಬರುವುದಿಲ್ಲ. ಹೊಳೆಯಾಗಲಿ ಹಳ್ಳವಾಗಲಿ ಇಲ್ಲ. ಉತ್ತರ ಯುಕಟಾನಿನಲ್ಲಿ ನೆಲದ ಮೇಲೆ ಹರಿಯುವ ನದಿಯೇ ಇಲ್ಲ.

ಹಾಗೆಂದು ಅದು ಮಳೆಯಿಲ್ಲದ ದೇಶವೇನೂ ಅಲ್ಲ. ಈ ಭಾಗದಲ್ಲಿ ವರ್ಷಕ್ಕೆ ಒಂದು ಮೀಟರಿಗೂ ಹೆಚ್ಚು ಮಳೆ ಬೀಳುತ್ತದೆ. ಬಿದ್ದ ನೀರು ಎಲ್ಲಿ ಹೋಗುತ್ತದೆ? ಬಿದ್ದಲ್ಲಿಯೇ ಕೆಳಗಿಳಿಯುತ್ತದೆ. ಈ ಪರ್ಯಾಯದ್ವೀಪ ಸಮುದ್ರದ ತಳದಲ್ಲಿ ಚಿಪ್ಪು ಹವಳಗಳ ಪುಡಿ ಕೋಟ್ಯಂತರ ವರ್ಷ ಕೂಡಿ ಗಟ್ಟಿಯಾದ ಸುಣ್ಣಕಲ್ಲಿನ ಹಾಸುಬಂಡೆ. ಮಳೆಯ ಹನಿ ಗಾಳಿಯಿಂದಲೂ, ಅದಕ್ಕಿಂತ ಹೆಚ್ಚಾಗಿ ಬೇರು ಎಲೆಗಳು ಕೊಳೆಯುತ್ತಿರುವ ಮಣ್ಣಿನಿಂದಲೂ ಇಂಗಾಲದ ಡೈಆಕ್ಸೈಡನ್ನು ಹೀರಿಕೊಂಡು ಬಲು ದುರ್ಬಲವಾದ ಕಾರ್ಬಾನಿಕ್ ಆಮ್ಲವಾಗುತ್ತದೆ. ನಾವು ಸೋಡಾ ಎಂದು ಕುಡಿಯುವುದೂ ಇದೇ ಆಮ್ಲ. ನಾಲಿಗೆಗೆ ಚುರುಗುಟ್ಟುವಷ್ಟೇ ಅದರ ಶಕ್ತಿ. ಆದರೆ ಸುಣ್ಣಕಲ್ಲಿನ ಬಿರುಕಿನಲ್ಲಿ ಸಾವಿರಾರು ವರ್ಷ ಇಳಿಯುತ್ತಿದ್ದರೆ ಅದು ಕಲ್ಲನ್ನು ಕರಗಿಸಿ ಬಿರುಕನ್ನು ಓಣಿಯಾಗಿ, ಓಣಿಯನ್ನು ಗವಿಯಾಗಿ ಮಾಡಬಲ್ಲುದು. ಗವಿ ದೊಡ್ಡದಾಗುತ್ತ ಹೋದಂತೆ ಚಾವಣಿ ತನ್ನ ಭಾರವನ್ನು ತಾನೇ ತಾಳಲಾರದೆ ಒಂದು ದಿನ ಕುಸಿಯುತ್ತದೆ. ಕೆಳಗೆ ಅಂತರ್ಜಲ ಬಯಲಾಗುತ್ತದೆ. ಹೀಗೆ ಹುಟ್ಟಿದ ನೈಸರ್ಗಿಕ ಬಾವಿಯನ್ನು ಮಾಯಾ ಭಾಷೆಯಲ್ಲಿ ‘ತ್ಸೊನೊಟ್’ ಎನ್ನುತ್ತಾರೆ. ಸ್ಪೇನಿನವರ ಬಾಯಲ್ಲಿ ಅದು ‘ಸೆನೋಟೆ’ ಆಯಿತು. ಪರ್ಯಾಯದ್ವೀಪದಲ್ಲಿ ಇಂಥವು ಸಾವಿರಾರು ಇವೆ. ಕೆಲವು ಮೇಲೆ ಪೂರ್ತಿ ತೆರೆದ ಮಡುಗಳು. ಕೆಲವು ಚಾವಣಿಯಲ್ಲಿ ಒಂದು ಕಿಂಡಿಯಷ್ಟೇ ಉಳ್ಳ ಕತ್ತಲೆಯ ಗವಿಗಳು.

ನದಿಯಿಲ್ಲದ ನಾಡಿನಲ್ಲಿ ಜನ ಊರು ಕಟ್ಟುವುದು ಎಲ್ಲಿ? ಇಂಥ ಬಾವಿ ಇದ್ದಲ್ಲಿ. ‘ಚಿ’ ಎಂದರೆ ಬಾಯಿ, ‘ಚೆನ್’ ಎಂದರೆ ಬಾವಿ, ‘ಇತ್ಸಾ’ ಒಂದು ಕುಲದ ಹೆಸರು. ಇತ್ಸಾ ಜನರ ಬಾವಿಯ ಬಾಯಿ ಎಂಬುದೇ ಚಿಚೆನ್ ಇತ್ಸಾ ಎಂಬ ಹೆಸರಿನ ಅರ್ಥ. ನಗರ ತನ್ನ ಜನ್ಮಕಾರಣವನ್ನು ಹೆಸರಿನಲ್ಲಿಯೇ ಹೊತ್ತುಕೊಂಡಿದೆ.

ಚಪ್ಪಾಳೆಗೆ ಉತ್ತರ ಕೊಡುವ ಮೆಟ್ಟಿಲು

ನಗರ ಉಚ್ಛ್ರಾಯದಲ್ಲಿದ್ದುದು ಸ್ಥೂಲವಾಗಿ ಕ್ರಿ.ಶ. 9ರಿಂದ 11ನೆಯ ಶತಮಾನದವರೆಗೆ. 1988ರಲ್ಲಿ ಯುನೆಸ್ಕೊ ಅದನ್ನು ವಿಶ್ವಪರಂಪರೆಯ ತಾಣವೆಂದು ಅಂಗೀಕರಿಸಿತು. ಹೆಬ್ಬಾಗಿಲು ದಾಟಿ ಬಯಲಿಗೆ ಬಂದೊಡನೆ ಕಣ್ಣಿಗೆ ಬೀಳುವುದು ಕುಕುಲ್ಕಾನ್ ದೇವರ ಗೋಪುರ. ಸ್ಪೇನಿನವರು ಇದನ್ನು ‘ಎಲ್ ಕಾಸ್ತಿಯೊ’, ಎಂದರೆ ಕೋಟೆ, ಎಂದು ಕರೆದರು. ಒಂಬತ್ತು ಅಂತಸ್ತಿನ ಪೀಠದ ಎತ್ತರ 24 ಮೀಟರ್. ಅದರ ಮೇಲೆ ಗುಡಿಯ ಎತ್ತರ ಇನ್ನೊಂದು 6 ಮೀಟರ್. ನಾಲ್ಕು ಕಡೆಗಳಲ್ಲಿಯೂ ತಲಾ 91 ಮೆಟ್ಟಿಲು, ಗುಡಿಯ ಜಗಲಿಯದು ಒಂದು, ಒಟ್ಟು 365. ಗೋಪುರವೇ ಒಂದು ಪಂಚಾಂಗ. ಮಾರ್ಚ್ ಮತ್ತು ಸೆಪ್ಟೆಂಬರ್ ತಿಂಗಳ ವಿಷುವದ್ದಿನಗಳ ಆಸುಪಾಸಿನಲ್ಲಿ ಇಳಿಹೊತ್ತಿನ ಬಿಸಿಲು ಅಂತಸ್ತುಗಳ ಮೂಲೆಗಳ ಮೇಲೆ ಬಿದ್ದು, ಉತ್ತರದ ಮೆಟ್ಟಿಲಸಾಲಿನ ಕೈಪಿಡಿಗೋಡೆಯ ಮೇಲೆ ಬೆಳಕಿನ ತ್ರಿಕೋನಗಳ ಮಾಲೆಯನ್ನು ಮೂಡಿಸುತ್ತದೆ. ಗೋಡೆಯ ಬುಡದಲ್ಲಿ ಕೆತ್ತಿರುವ ಹಾವಿನ ತಲೆಗೆ ಆಗ ಮೈ ಬಂದಂತಾಗುತ್ತದೆ. ಅದನ್ನು ನೋಡಲು ಆ ದಿನ ಸಾವಿರಾರು ಜನ ನೆರೆಯುತ್ತಾರೆ.

ಮೆಟ್ಟಿಲು ಹತ್ತಲು ಈಗ ಅವಕಾಶವಿಲ್ಲ. ಆದರೆ ಅದರ ಮುಂದೆ ನಿಂತು ಒಂದು ಚಪ್ಪಾಳೆ ತಟ್ಟಲು ಯಾರ ಅಡ್ಡಿಯೂ ಇಲ್ಲ; ಎಲ್ಲ ಮಾರ್ಗದರ್ಶಿಗಳೂ ಅದನ್ನು ಮಾಡಿ ತೋರಿಸುತ್ತಾರೆ. ಕೇಳಿಬರುವ ಪ್ರತಿಧ್ವನಿ ಚಪ್ಪಾಳೆಯಂತಿರುವುದಿಲ್ಲ. ಹಕ್ಕಿಯೊಂದು ‘ಚ್ಯೂಂ’ ಎಂದು ಶ್ರುತಿ ಇಳಿಸುತ್ತ ಕೂಗಿದಂತಿರುತ್ತದೆ. ಮಾಯಾ ಜನ ಪವಿತ್ರವೆಂದು ಎಣಿಸಿದ, ಹಸುರು ಗರಿಯ ಉದ್ದಬಾಲದ ಕ್ವೆತ್ಸಾಲ್ ಹಕ್ಕಿಯ ದನಿಗೆ ಇದನ್ನು ಹೋಲಿಸುತ್ತಾರೆ. ಅಮೆರಿಕದ ಧ್ವನಿತಜ್ಞ ಡೇವಿಡ್ ಲುಬ್ಮನ್ 1998ರಲ್ಲಿ ಇದನ್ನು ವಿಜ್ಞಾನಿಗಳ ಗಮನಕ್ಕೆ ತಂದರು. 2004ರಲ್ಲಿ ಬೆಲ್ಜಿಯಮ್ಮಿನ ನಿಕೊ ಡೆಕ್ಲೆರ್ಕ್ ಮತ್ತು ಸಂಗಡಿಗರು ಇದರ ವಿವರವಾದ ಗಣಿತವನ್ನು ಪ್ರಕಟಿಸಿದರು.

ಇದರ ತತ್ತ್ವವನ್ನು ಕಾಲೇಜಿನ ಮೊದಲ ತರಗತಿಯ ಲೆಕ್ಕದಿಂದಲೇ ತಿಳಿಯಬಹುದು. 24 ಮೀಟರನ್ನು 91 ಮೆಟ್ಟಿಲಿಗೆ ಹಂಚಿದರೆ ಒಂದೊಂದರ ಎತ್ತರ ಸುಮಾರು 26 ಸೆಂಟಿಮೀಟರ್. ಅಗಲವೂ ಹೆಚ್ಚುಕಡಿಮೆ ಅಷ್ಟೇ. ಗೋಡೆಯೊಂದು ಚಪ್ಪಾಳೆಯನ್ನು ಒಂದೇ ಸಲಕ್ಕೆ ಹಿಂದಿರುಗಿಸುತ್ತದೆ. ಮೆಟ್ಟಿಲಸಾಲಾದರೋ ಮೆಟ್ಟಿಲಿಗೊಂದರಂತೆ 91 ಕಂತುಗಳಲ್ಲಿ ಹಿಂದಿರುಗಿಸುತ್ತದೆ. ಬುಡದಲ್ಲಿ ಒಂದು ಮೆಟ್ಟಿಲಿಗಿಂತ ಮುಂದಿನದು ನಮ್ಮಿಂದ 26 ಸೆಂಟಿಮೀಟರ್ ದೂರ. ಶಬ್ದ ಹೋಗಿಬರಬೇಕಾದುದರಿಂದ ಹೆಚ್ಚುವರಿ ದಾರಿ ಅದರ ಎರಡರಷ್ಟು. ಶಬ್ದದ ವೇಗ ಸೆಕೆಂಡಿಗೆ 340 ಮೀಟರ್ ಎಂದರೆ, ಎರಡು ಕಂತುಗಳ ನಡುವಣ ಅವಧಿ ಸೆಕೆಂಡಿನ ಸಾವಿರ ಪಾಲಿನಲ್ಲಿ ಒಂದೂವರೆ ಪಾಲು. ಇಷ್ಟು ಬೇಗಬೇಗನೆ ಬರುವ ತಟ್ಟುಗಳನ್ನು ಕಿವಿ ಬಿಡಿಬಿಡಿಯಾಗಿ ಕೇಳಲಾರದು. ಸೆಕೆಂಡಿಗೆ ಸುಮಾರು 650 ಕಂಪನಗಳುಳ್ಳ ಸ್ವರವೆಂದು ಗ್ರಹಿಸುತ್ತದೆ. ತುದಿಯ ಮೆಟ್ಟಿಲುಗಳ ಕಡೆಗೆ ನಮ್ಮ ದೃಷ್ಟಿರೇಖೆ ಓರೆಯಾಗಿ ಮೇಲೇರುವುದರಿಂದ ಒಂದೊಂದು ಮೆಟ್ಟಿಲಿಗೂ ದೂರ ಇನ್ನಷ್ಟು ಹೆಚ್ಚುತ್ತದೆ. ಬುಡದಿಂದ ಹತ್ತು ಮೀಟರ್ ಹಿಂದೆ ನಿಂತವನಿಗೆ ಕೊನೆಯ ಕಂತುಗಳ ನಡುವಣ ಅವಧಿ ಸಾವಿರದ ಎರಡು ಪಾಲನ್ನು ಮೀರುತ್ತದೆ. ಸ್ವರ ಸೆಕೆಂಡಿಗೆ 460 ಕಂಪನಗಳವರೆಗೆ ಇಳಿಯುತ್ತದೆ. ಇದೆಲ್ಲ ಸೆಕೆಂಡಿನ ಐದನೆಯ ಒಂದು ಪಾಲಿನಲ್ಲಿ ಮುಗಿದುಹೋಗುವುದರಿಂದ ನಮಗೆ ಹಕ್ಕಿ ಕೂಗಿದಂತಾಗುತ್ತದೆ. ಉದ್ದನೆಯ ಕಲ್ಲುಮೆಟ್ಟಿಲುಗಳ ಮುಂದೆ ಬಯಲಿರುವ ಕಡೆಗಳಲ್ಲೆಲ್ಲ ವಾಚಕರು ಇದನ್ನು ಪರೀಕ್ಷಿಸಿ ನೋಡಬಹುದು.

ಗೋಪುರದಡಿಯ ನೀರು

ಗೋಪುರದ ಒಳಗೆ ಇನ್ನೊಂದು ಗೋಪುರವಿದೆ ಎಂಬುದು 1930ರ ದಶಕದ ಅಗೆತದಲ್ಲಿ ತಿಳಿಯಿತು. ಕೆಂಪು ಬಣ್ಣ ಬಳಿದ, ಹಸುರುಕಲ್ಲಿನ ಚುಕ್ಕೆಗಳುಳ್ಳ ಜಾಗ್ವಾರ್ ಆಕೃತಿಯ ಪೀಠವೊಂದು ಅದರ ಗುಡಿಯಲ್ಲಿ ದೊರೆಯಿತು. ಅದರೊಳಗೆ ಸುಮಾರು 10 ಮೀಟರ್ ಎತ್ತರದ ಮೂರನೆಯ ಗೋಪುರವೂ ಇದೆಯೆಂದು 2016ರಲ್ಲಿ ಮೆಕ್ಸಿಕೊದ ವಿಜ್ಞಾನಿಗಳು ಸಾರಿದರು. ಈ ಸಲ ಅವರು ಒಂದು ಕಲ್ಲನ್ನೂ ಕದಲಿಸಲಿಲ್ಲ. ಬುಡದ ಸುತ್ತಲೂ ವಿದ್ಯುದಗ್ರಗಳನ್ನು ನೆಲಕ್ಕೆ ತಾಗಿಸಿ, ಒಂದೆಡೆಯಿಂದ ಅಲ್ಪಪ್ರಮಾಣದ ವಿದ್ಯುತ್ತನ್ನು ಹರಿಸಿ, ಉಳಿದ ಕಡೆಗಳಲ್ಲಿ ಉಂಟಾಗುವ ವಿಭವಾಂತರವನ್ನು ಅಳೆದರು. ಒಣಕಲ್ಲು ವಿದ್ಯುತ್ತಿಗೆ ಬಹಳ ರೋಧ ಒಡ್ಡುತ್ತದೆ. ಲವಣಗಳು ಕರಗಿದ ನೀರು ಅದನ್ನು ಸುಲಭವಾಗಿ ಹರಿಯಗೊಡುತ್ತದೆ. ಇಂಥ ಸಾವಿರಾರು ಅಳತೆಗಳನ್ನು ಗಣಕಯಂತ್ರಕ್ಕೆ ಒದಗಿಸಿದರೆ ಒಡಲ ಚಿತ್ರ ಮೂಡುತ್ತದೆ.

ಇದೇ ವಿಧಾನದಿಂದ ಒಂದು ವರ್ಷ ಮೊದಲು, 2015ರಲ್ಲಿ, ಇನ್ನೂ ದೊಡ್ಡ ಸಂಗತಿಯೊಂದು ಹೊರಬಿದ್ದಿತ್ತು. ಮೆಕ್ಸಿಕೊದ ರಾಷ್ಟ್ರೀಯ ವಿಶ್ವವಿದ್ಯಾನಿಲಯದ ರೆನೆ ಚಾವೆಸ್ ಸೆಗುರಾ ಮತ್ತು ಅವರ ಸಂಗಡಿಗರು ಗೋಪುರದ ನೇರ ಕೆಳಗೆ ನೀರು ತುಂಬಿದ ಪೊಟರೆಯೊಂದನ್ನು ಗುರುತಿಸಿದರು. ಅದರ ಹರವು ಸುಮಾರು 35 ಮೀಟರ್ ಉದ್ದ, 25 ಮೀಟರ್ ಅಗಲ. ಆಳ 20 ಮೀಟರಿನವರೆಗೆ. ಸಾವಿರ ವರ್ಷದಿಂದ ಆ ಮಹಾಗೋಪುರ ನಿಂತಿರುವುದು ಒಂದು ಸೆನೋಟೆಯ ಚಾವಣಿಯ ಮೇಲೆ! ಚಾವಣಿಯ ಕಲ್ಲನ್ನು ನೀರು ಸವೆಸುತ್ತಲೇ ಇರುವುದರಿಂದ ಇದು ಪುರಾತತ್ತ್ವದವರ ಕುತೂಹಲಕ್ಕೆ ಮಾತ್ರವಲ್ಲ, ಅವರ ಕಳವಳಕ್ಕೂ ಕಾರಣವಾಗಿದೆ.

ಗೋಪುರದಿಂದ ಉತ್ತರಕ್ಕೆ ಸುಮಾರು 300 ಮೀಟರ್ ಉದ್ದದ ದಾರಿಯೊಂದು ಹೋಗುತ್ತದೆ. ಸುಣ್ಣದ ಗಾರೆ ಬಳಿದ ಇಂಥ ಎತ್ತರಿಸಿದ ದಾರಿಗಳಿಗೆ ಮಾಯಾ ಭಾಷೆಯಲ್ಲಿ ‘ಸಕ್ಬೆ’, ಬಿಳಿಯ ದಾರಿ, ಎಂದು ಹೆಸರು. ಅದರ ತುದಿಯಲ್ಲಿರುವುದೇ ಪವಿತ್ರ ಸೆನೋಟೆ. ಸುಮಾರು 60 ಮೀಟರ್ ವ್ಯಾಸದ ದುಂಡನೆಯ ಹೊಂಡ, ಕಡಿದಾದ ಗೋಡೆಗಳು, ಇಪ್ಪತ್ತು ಮೀಟರಿಗೂ ಕೆಳಗೆ ಹಸುರುಗಟ್ಟಿ ನಿಂತ ನೀರು. ಇಲ್ಲಿ ಯಾರೂ ಈಜುವಂತಿಲ್ಲ. ಊರಿನ ಬಳಕೆಯ ನೀರು ಬರುತ್ತಿದ್ದುದು ದಕ್ಷಿಣದ ಬೇರೊಂದು ಬಾವಿಯಿಂದ, ಇದು ದೇವರದು. ಇದರೊಳಗೆ ಮನುಷ್ಯರನ್ನು ಬಲಿ ಹಾಕುತ್ತಿದ್ದರೆಂದು 16ನೆಯ ಶತಮಾನದಲ್ಲಿ ಬಿಷಪ್ ದಿಯೆಗೊ ದೆ ಲಾಂಡಾ ಬರೆದಿಟ್ಟಿದ್ದನು. 1904ರಿಂದ ಎಡ್ವರ್ಡ್ ಥಾಂಪ್ಸನ್ ಎಂಬ ಅಮೆರಿಕನ್ನನು ಅದರ ಕೆಸರನ್ನು ಎತ್ತಿಸಿದಾಗ ಚಿನ್ನ, ಹಸುರುಕಲ್ಲು, ಧೂಪದ ಉಂಡೆಗಳು, ಮಡಕೆಗಳು ಮತ್ತು ಮನುಷ್ಯರ ಮೂಳೆಗಳು ಮೇಲೆ ಬಂದುವು. 1967ರಲ್ಲಿ ಈ ಮಡುವಿಗೆ ಸಮೀಪದ ನೆಲದೊಳಗಿನ ತೊಟ್ಟಿಯೊಂದರಲ್ಲಿ ಹಲವಾರು ಮಕ್ಕಳ ಅಸ್ಥಿಗಳು ದೊರೆತಿದ್ದುವು. ಅವುಗಳಲ್ಲಿ 64 ಮಕ್ಕಳ ಆನುವಂಶಿಕ ದ್ರವ್ಯವನ್ನು ಪರೀಕ್ಷಿಸಿದ ಫಲ 2024ರಲ್ಲಿ ಪ್ರಕಟವಾಯಿತು. ಎಲ್ಲರೂ ಗಂಡುಮಕ್ಕಳು, ಅವರಲ್ಲಿ ಎರಡು ಅವಳಿ ಜೋಡಿಗಳೂ ಇದ್ದುವು.

ಇದನ್ನು ಓದಿ ಮನಸ್ಸು ಕುಗ್ಗುವುದು ಸಹಜ. ಆದರೆ ಆ ಜನ ಎದುರಿಸುತ್ತಿದ್ದ ಭಯ ಎಂಥದು ಎಂಬುದನ್ನೂ ವಿಜ್ಞಾನ ಈಗ ತಿಳಿಸಿಕೊಟ್ಟಿದೆ. ಯುಕಟಾನಿನ ಚಿಚನ್ಕನಬ್ ಸರೋವರದ ತಳದ ಕೆಸರಿನಲ್ಲಿ ಜಿಪ್ಸಮ್ ಪದರಗಳಿವೆ. ನೀರು ಆವಿಯಾಗಿ ಸರೋವರ ಕುಗ್ಗಿದಾಗ ಮಾತ್ರ ಈ ಲವಣ ಹರಳುಗಟ್ಟುತ್ತದೆ. ಹರಳಿನೊಳಗೆ ಸೆರೆಸಿಕ್ಕಿದ ನೀರಿನ ಐಸೊಟೋಪುಗಳನ್ನು ಅಳೆದು, ಮಾಯಾ ನಗರಗಳು ಒಂದೊಂದಾಗಿ ಪಾಳುಬಿದ್ದ ಕಾಲದಲ್ಲಿ ವಾರ್ಷಿಕ ಮಳೆ ಇಂದಿನದಕ್ಕಿಂತ ಹೆಚ್ಚುಕಡಿಮೆ ಅರ್ಧಕ್ಕೆ ಇಳಿದಿತ್ತೆಂದು 2018ರಲ್ಲಿ ಲೆಕ್ಕಹಾಕಿದರು. 2025ರಲ್ಲಿ ಪ್ರಕಟವಾದ ಇನ್ನೊಂದು ಅಧ್ಯಯನ ಗವಿಯೊಂದರಲ್ಲಿ ತೊಟ್ಟಿಕ್ಕಿ ಬೆಳೆದ ಕಲ್ಲಿನ ಪದರಗಳನ್ನು ಓದಿತು. ಕ್ರಿ.ಶ. 871ರಿಂದ 1021ರ ನಡುವೆ ಮೂರು ವರ್ಷ ಅಥವಾ ಹೆಚ್ಚು ಕಾಲ ಎಡೆಬಿಡದೆ ಮಳೆಗಾಲ ಕೈಕೊಟ್ಟ ಬರಗಳು ಎಂಟು. ಅವುಗಳಲ್ಲಿ ಒಂದು 13 ವರ್ಷದ್ದು. ಬಾವಿಯಲ್ಲಿ ಕುಡಿಯುವ ನೀರು ಇದ್ದೀತು. ಆದರೆ ಜೋಳದ ಹೊಲಕ್ಕೆ ಮಳೆಯೇ ಬೇಕು. ಮಳೆಯ ದೇವರಾದ ಚಾಕ್‌ನ ಮುಖ ಆ ನಗರದ ಗೋಡೆಗೋಡೆಯ ಮೇಲೂ ಏಕೆ ಕೆತ್ತಿದೆ ಎಂಬುದನ್ನು ಹದಿಮೂರು ವರ್ಷದ ಬರ ಎಂಬ ಮಾತೇ ಹೇಳುತ್ತದೆ.

ಮಡುವಿನೊಳಗಿನ ಭೌತಶಾಸ್ತ್ರ

ಪಾಳುನಗರದಿಂದ ಮೂರು ಕಿಲೊಮೀಟರ್ ದೂರದಲ್ಲಿ ಇಕ್ ಕಿಲ್ ಎಂಬ ಸೆನೋಟೆ ಇದೆ. ಮಧ್ಯಾಹ್ನದ ಈಜು ಇಲ್ಲಿ. ಬಂಡೆಯಲ್ಲಿ ಕೊರೆದ ಮೆಟ್ಟಿಲುಗಳಿಂದ ಸುಮಾರು 26 ಮೀಟರ್ ಕೆಳಗಿಳಿದರೆ ನೀರು. ಮೇಲಿನ ಅಂಚಿನಿಂದ ಮರದ ಬೇರುಗಳು ಜಡೆಯಂತೆ ಇಳಿಬಿದ್ದಿರುತ್ತವೆ. ಸೂರ್ಯ ನೆತ್ತಿಯ ಮೇಲಿದ್ದಾಗ ಬಿಸಿಲು ಬಾಯಿಂದ ನೇರವಾಗಿ ಒಳಬಂದು ನೀರಿನಲ್ಲಿ ಕಂಬದಂತೆ ನಿಲ್ಲುತ್ತದೆ.

ಮೇಲೆ ಬೆವರು ಸುರಿಸಿ ಬಂದವರಿಗೆ ನೀರು ತಣ್ಣಗೆನಿಸಿದರೂ ಅದು ಸುಮಾರು 25 ಡಿಗ್ರಿ ಸೆಲ್ಸಿಯಸ್. ಚಳಿಗಾಲದಲ್ಲಿಯೂ ಹೆಚ್ಚುಕಡಿಮೆ ಅಷ್ಟೇ. ಬಿಸಿಲು ಚಳಿಗಳ ಏರಿಳಿತ ಬಂಡೆಯೊಳಗೆ ಇಳಿಯುವುದು ಬಲು ನಿಧಾನ. ಇಳಿದಂತೆ ಅದು ಕ್ಷೀಣಿಸುತ್ತದೆ. ಹತ್ತು ಹದಿನೈದು ಮೀಟರ್ ಆಳದಲ್ಲಿ ಬೇಸಗೆಗೂ ಚಳಿಗಾಲಕ್ಕೂ ಭೇದವೇ ಉಳಿಯದೆ, ಆ ಊರಿನ ವರ್ಷಾವಧಿ ಸರಾಸರಿ ಉಷ್ಣತೆಗೆ ಸಮೀಪದ ಒಂದೇ ಉಷ್ಣತೆ ನೆಲೆಸುತ್ತದೆ. ಸೆನೋಟೆಯ ನೀರು ಆ ಆಳದಿಂದ ಬಂದದ್ದು. ಅದರ ನೀಲಿಗೂ ಸರಳವಾದ ಕಾರಣವಿದೆ. ಹೊಳೆಯ ನೀರಿನಂತೆ ಇದು ಮಣ್ಣು ಕೊಚ್ಚಿಕೊಂಡು ಬಂದದ್ದಲ್ಲ. ತಿಳಿಯಾದ ನೀರು ಬೆಳಕಿನ ಕೆಂಪು ಭಾಗವನ್ನು ಹೀರಿ ನೀಲಿಯನ್ನು ಉಳಿಸುತ್ತದೆ.

ಈಜು ಬಲ್ಲವರಿಗೂ ತೇಲುಕವಚ ತೊಡಿಸುವುದು ಇಂಥ ಎಡೆಗಳಲ್ಲಿ ವಾಡಿಕೆ. ಇದನ್ನು ಅತಿ ಎಚ್ಚರವೆನ್ನಲಾಗದು. ಹಿಂದಿನ ದಿನ ಸಮುದ್ರದಲ್ಲಿ ಈಜಿ ಬಂದವನಿಗೆ ಇಲ್ಲಿ ಮೈ ಭಾರವೆನಿಸುತ್ತದೆ. ಸಮುದ್ರದ ನೀರು ಸಿಹಿನೀರಿಗಿಂತ ನೂರಕ್ಕೆ ಎರಡೂವರೆಯಷ್ಟು ಸಾಂದ್ರವಾದುದು. ಆರ್ಕಿಮಿಡೀಸನ ನಿಯಮದಂತೆ 60 ಕಿಲೊಗ್ರಾಂ ತೂಕದವನು ತೇಲಲು 60 ಲೀಟರ್ ಸಿಹಿನೀರನ್ನು ಸ್ಥಳಾಂತರಿಸಬೇಕು. ಸಮುದ್ರದಲ್ಲಾದರೆ ಸುಮಾರು 58½ ಲೀಟರ್ ಸಾಕು. ವ್ಯತ್ಯಾಸ ಒಂದೂವರೆ ಲೀಟರ್, ಎಂದರೆ ತಲೆಯ ಗಾತ್ರದ ಮೂರನೆಯ ಒಂದು ಭಾಗ. ಅಷ್ಟು ಹೆಚ್ಚಾಗಿ ಮೈ ಮುಳುಗುತ್ತದೆ. ಕಾಲಿಗೆ ಸಿಗುವ ತಳವೂ ಇಲ್ಲಿಲ್ಲ. ನೀರಿನ ಆಳ ನಲವತ್ತು ಮೀಟರಿಗೂ ಹೆಚ್ಚು.

ಇದೇ ಎರಡೂವರೆ ಪಾಲಿನ ವ್ಯತ್ಯಾಸದ ಮೇಲೆ ಇಡೀ ಯುಕಟಾನಿನ ಬದುಕು ನಿಂತಿದೆ ಎಂದರೆ ಅತಿಶಯೋಕ್ತಿಯಲ್ಲ. ಮೂರು ಕಡೆ ಕಡಲು ಸುತ್ತಿದ ಈ ತೂತುಕಲ್ಲಿನ ನೆಲದೊಳಕ್ಕೆ ಉಪ್ಪುನೀರು ದೂರದವರೆಗೆ ನುಗ್ಗಿದೆ. ಮಳೆಯ ಸಿಹಿನೀರು ಹಗುರವಾದುದರಿಂದ ಅದರ ಮೇಲೆ ಮಸೂರದ ಆಕಾರದಲ್ಲಿ ತೇಲುತ್ತಿದೆ. ಸಮುದ್ರಮಟ್ಟಕ್ಕಿಂತ ಒಂದು ಮೀಟರ್ ಮೇಲೆ ಸಿಹಿನೀರಿದ್ದರೆ ಕೆಳಗೆ ಎಷ್ಟಿರಬೇಕು? ತೂಕಗಳು ಸಮನಾಗಬೇಕಾದರೆ 1.025 ಸಾಂದ್ರತೆಯ 40 ಮೀಟರ್ ಉಪ್ಪುನೀರು 1.000 ಸಾಂದ್ರತೆಯ 41 ಮೀಟರ್ ಸಿಹಿನೀರಿಗೆ ಸಾಟಿ. ಎಂದರೆ ಮೇಲಿನ ಒಂದು ಮೀಟರಿಗೆ ಕೆಳಗೆ ನಲವತ್ತು ಮೀಟರ್. 19ನೆಯ ಶತಮಾನದ ಕೊನೆಯ ಹೊತ್ತಿಗೆ ಖೈಬೆನ್ ಮತ್ತು ಹೆರ್ಜ್‌ಬೆರ್ಗ್ ಎಂಬಿಬ್ಬರು ಬೇರೆಬೇರೆಯಾಗಿ ಕಂಡುಕೊಂಡ ನಿಯಮವಿದು. ಇದನ್ನು ತಿರುವಿ ಓದಿದರೆ ಅದೊಂದು ಎಚ್ಚರಿಕೆ: ಪಂಪುಗಳಿಂದ ನೀರೆತ್ತಿ ಅಂತರ್ಜಲದ ಮಟ್ಟವನ್ನು ಒಂದು ಮೀಟರ್ ಇಳಿಸಿದರೆ, ಕೆಳಗಿನ ಉಪ್ಪುನೀರು ಕಾಲಕ್ರಮದಲ್ಲಿ ನಲವತ್ತು ಮೀಟರ್ ಮೇಲೇರಬಲ್ಲುದು.

ಕಡಲತೀರಕ್ಕೆ ಸಮೀಪದ ಸೆನೋಟೆಗಳಲ್ಲಿ ಮುಳುಗುವವರು ಈ ಗಡಿಯನ್ನು ಕಣ್ಣಾರೆ ಕಾಣುತ್ತಾರೆ. ಎರಡು ನೀರುಗಳ ವಕ್ರೀಭವನಾಂಕ ಬೇರೆಬೇರೆ. ಈಜುಗಾರನ ಕಾಲು ಗಡಿಯನ್ನು ಕಲಕಿದೊಡನೆ, ಕಾದ ಡಾಂಬರು ರಸ್ತೆಯ ಮೇಲಿನ ಗಾಳಿಯಂತೆ ನೀರು ನಡುಗಿ ಎದುರಿನದೆಲ್ಲ ಮಸುಕಾಗುತ್ತದೆ. ಆ ತೀರದಲ್ಲಿ ನೀರಿನಡಿಯ ಗವಿಗಳು ಒಂದಕ್ಕೊಂದು ಕೂಡಿಕೊಂಡು ನೂರಾರು ಕಿಲೊಮೀಟರ್ ಹಬ್ಬಿವೆ. 2018ರಲ್ಲಿ ಎರಡು ಗವಿಜಾಲಗಳು ಒಂದೇ ಎಂದು ತಿಳಿದಾಗ ‘ಸಾಕ್ ಆಕ್ತುನ್’ ಎಂಬ ಜಾಲದ ಅಳೆದ ಉದ್ದ 347 ಕಿಲೊಮೀಟರ್ ಆಯಿತು. ಅಲ್ಲಿಯ ಚಾವಣಿಗಳಿಂದ ಕಲ್ಲಿನ ತೊಂಗಲುಗಳು ನೀರಿನೊಳಗೇ ತೂಗುತ್ತಿವೆ. ಹನಿ ಗಾಳಿಯಲ್ಲಿ ತೊಟ್ಟಿಕ್ಕಿದರೆ ಮಾತ್ರ ಇಂಥ ತೊಂಗಲು ಬೆಳೆಯಬಲ್ಲುದು. ಆದುದರಿಂದ ಈ ಗವಿಗಳು ಒಂದು ಕಾಲದಲ್ಲಿ ಒಣಗಿದ್ದುವು. ಸುಮಾರು 20,000 ವರ್ಷದ ಹಿಂದೆ ಹಿಮಯುಗದಲ್ಲಿ ಸಮುದ್ರಮಟ್ಟ ಇಂದಿಗಿಂತ 120 ಮೀಟರಿನಷ್ಟು ಕೆಳಗಿದ್ದುದಕ್ಕೆ ಇದು ಕಲ್ಲಿನ ಸಾಕ್ಷಿ. ಈ ಜಾಲಕ್ಕೆ ಸೇರಿದ ‘ಓಯೊ ನೆಗ್ರೊ’ ಎಂಬ ಕತ್ತಲ ಗುಂಡಿಯಲ್ಲಿ 2007ರಲ್ಲಿ ಮುಳುಗುಗಾರರು ಹದಿವಯಸ್ಸಿನ ಹುಡುಗಿಯೊಬ್ಬಳ ಅಸ್ಥಿಪಂಜರವನ್ನು ಕಂಡರು. ಅವಳು ಬದುಕಿದ್ದುದು ಹನ್ನೆರಡು ಸಾವಿರ ವರ್ಷಗಳಿಗೂ ಹಿಂದೆ. ಗವಿ ಒಣಗಿದ್ದಾಗ ಒಳಹೊಕ್ಕವಳು ಗುಂಡಿಗೆ ಬಿದ್ದಳು. ಅವಳು ನೀರು ಹುಡುಕಿ ಬಂದಿರಬಹುದೆಂದು ವಿದ್ವಾಂಸರು ಊಹಿಸುತ್ತಾರೆ.

ಆಕಾಶದಿಂದ ಬಿದ್ದ ಗುರುತು

ಸಂಜೆ ಬಸ್ಸು ಮೆರಿದಾ ಕಡೆಗೆ ಮರಳುವಾಗ, ಬೆಳಗ್ಗೆ ಅರಿವಿಲ್ಲದೆ ದಾಟಿದ ಒಂದು ಗೆರೆಯನ್ನು ಮತ್ತೆ ದಾಟುತ್ತದೆ. ಕಿಟಕಿಯಿಂದ ಅದು ಕಾಣದು, ನಕಾಶೆಯಲ್ಲಿ ಕಾಣುತ್ತದೆ. ಮೆರಿದಾದ ಸುತ್ತ, ಕಡಲತೀರದಿಂದ ಕಡಲತೀರದವರೆಗೆ, ಸೆನೋಟೆಗಳು ಒಂದು ಅರ್ಧವೃತ್ತದ ಮೇಲೆ ಸಾಲುಗಟ್ಟಿವೆ. ಅಡ್ಡಳತೆ ಸುಮಾರು 160 ಕಿಲೊಮೀಟರ್. ಚಿಚೆನ್ ಇತ್ಸಾ ಈ ಬಳೆಯ ಹೊರಗಿದೆ. ಇಷ್ಟು ಕರಾರುವಾಕ್ಕಾದ ವೃತ್ತವನ್ನು ಮಳೆನೀರು ತಾನಾಗಿಯೇ ಬರೆಯಲಾರದು.

ಬರೆದದ್ದು ಒಂದು ಕ್ಷುದ್ರಗ್ರಹ. 6 ಕೋಟಿ 60 ಲಕ್ಷ ವರ್ಷಗಳ ಹಿಂದೆ ಸುಮಾರು 10 ಕಿಲೊಮೀಟರ್ ಗಾತ್ರದ ಕಾಯವೊಂದು ಇಲ್ಲಿ ಅಪ್ಪಳಿಸಿ, ಸುಮಾರು 180 ಕಿಲೊಮೀಟರ್ ವ್ಯಾಸದ ಕುಳಿಯನ್ನು ತೋಡಿತು. ಭೂಮಿಯ ಪ್ರಾಣಿ ಸಸ್ಯ ಜಾತಿಗಳಲ್ಲಿ ಮುಕ್ಕಾಲು ಪಾಲು, ಡೈನೋಸಾರುಗಳೊಡನೆ, ನಾಶವಾದುವು. 1978ರಲ್ಲಿ ತೈಲಶೋಧನೆಗಾಗಿ ವಿಮಾನದಿಂದ ಕಾಂತಕ್ಷೇತ್ರವನ್ನು ಅಳೆಯುತ್ತಿದ್ದಾಗ ಗ್ಲೆನ್ ಪೆನ್‌ಫೀಲ್ಡ್ ಇದರ ಸುಳಿವು ಕಂಡರು. ಅವರೂ ಆಂಟೋನಿಯೊ ಕಾಮಾರ್ಗೊ ಅವರೂ 1981ರಲ್ಲಿ ಅದನ್ನು ಸಾರಿದರು. 1991ರಲ್ಲಿ ಇದು ಕ್ಷುದ್ರಗ್ರಹದ ಕುಳಿಯೇ ಎಂಬುದಕ್ಕೆ ಬಲವಾದ ಆಧಾರ ದೊರೆಯಿತು. ಅದರ ಹೆಸರು ಚಿಕ್ಷುಲುಬ್. ಕುಳಿ ಈಗ ಸುಣ್ಣಕಲ್ಲಿನ ದಪ್ಪ ಹೊದಿಕೆಯಡಿ ಹುದುಗಿದೆ. ಆದರೂ ಅದರ ಅಂಚಿನ ಮೇಲಣ ಕಲ್ಲು ಬಿರುಕುಬಿಟ್ಟು, ನೀರು ಆ ಬಿರುಕುಗಳನ್ನೇ ಹಿಡಿದು ಹರಿಯಿತು, ಕರಗಿಸಿತು, ಬಾವಿಗಳ ಬಳೆಯನ್ನು ತೊಡಿಸಿತು.

ಇಲ್ಲಿ ನಮ್ಮ ನಾಡಿನ ಮಾತೂ ಬರುತ್ತದೆ. ಅದೇ ಕಾಲದಲ್ಲಿ ದಖನ್ ಪ್ರಸ್ಥಭೂಮಿಯಲ್ಲಿ ಲಾವಾ ಉಕ್ಕಿ ಹರಿಯುತ್ತಿತ್ತು. ಬೆಳಗಾವಿ, ವಿಜಯಪುರ, ಬೀದರ್ ಕಡೆಯ ಕರಿಕಲ್ಲು ಮತ್ತು ಅದು ಸವೆದು ಆದ ಎರೆಮಣ್ಣು ಆ ಲಾವಾದ ಉಳಿಕೆ. ಆ ಮಹಾನಾಶದಲ್ಲಿ ಲಾವಾದ ಅನಿಲಗಳ ಪಾಲೆಷ್ಟು, ಕ್ಷುದ್ರಗ್ರಹದ ಪಾಲೆಷ್ಟು ಎಂಬ ಚರ್ಚೆಯಲ್ಲಿ ಯುಕಟಾನಿನ ಬಿಳಿಕಲ್ಲೂ ನಮ್ಮ ಕರಿಕಲ್ಲೂ ಎದುರುಬದುರು ನಿಂತ ಸಾಕ್ಷಿಗಳು.

ಒಂದೇ ಕೊಡದ ನೀರು

ಮಡುವಿಗೆ ಇಳಿಯುವ ಮೊದಲು ಪ್ರತಿಯೊಬ್ಬನೂ ಮೈತೊಳೆದುಕೊಳ್ಳಬೇಕೆಂಬುದು ಅಲ್ಲಿಯ ನಿಯಮ. ಬಿಸಿಲಿಗೆಂದು ಬಳಿದುಕೊಂಡ ಲೇಪನ ನೀರಿಗೆ ಸೇರಕೂಡದು. ಸಣ್ಣದೆನಿಸಿದರೂ ಈ ನಿಯಮದ ಹಿಂದಿನ ತತ್ತ್ವ ದೊಡ್ಡದು. ಮರಳಿನ ನೆಲದಲ್ಲಿ ಇಂಗಿದ ನೀರು ಕಣಕಣಗಳ ನಡುವೆ ಸೋಸಿ ಶುದ್ಧವಾಗುತ್ತದೆ. ಸುಣ್ಣಕಲ್ಲಿನ ನೆಲದಲ್ಲಿ ಸೋಸುವಿಕೆಯಿಲ್ಲ. ಬಿರುಕುಗಳು ಕೊಳಾಯಿಗಳಂತೆ ವರ್ತಿಸುತ್ತವೆ. ಮೇಲೆ ಚೆಲ್ಲಿದ್ದು ಬೇಗನೆ ಕೆಳಗಿಳಿದು, ಯಾರದೋ ಬಾವಿಯಲ್ಲಿ ಮೇಲೆ ಬರುತ್ತದೆ. ನದಿಯಾದರೆ ಕೆಟ್ಟ ನೀರು ಕಣ್ಣೆದುರಿಗೆ ಹರಿಯುತ್ತದೆ. ಇಲ್ಲಿ ಅದು ಕಾಣುವುದೇ ಇಲ್ಲ.

ಸೆನೋಟೆಗಳ ಬಳೆಯ ಮೇಲಿರುವ ಹೊಮುನ್ ಎಂಬ ಮಾಯಾ ಊರಿನ ಜನ ಪ್ರವಾಸಿಗಳಿಗೆ ತಮ್ಮ ಮಡುಗಳನ್ನು ತೋರಿಸಿ ಜೀವನ ನಡೆಸುತ್ತಾರೆ. ಊರಿನ ಬಳಿ 49,000 ಹಂದಿಗಳನ್ನು ಸಾಕುವ ಕೇಂದ್ರವೊಂದು ತಲೆಯೆತ್ತಿದಾಗ ಅದರ ಕೊಳೆ ಎಲ್ಲಿಗಿಳಿಯುವುದೆಂಬುದು ಅವರಿಗೆ ಪುಸ್ತಕ ಓದಿ ತಿಳಿಯಬೇಕಾಗಿರಲಿಲ್ಲ. ಅವರು ಊರಿನ ಮಕ್ಕಳ ಹೆಸರಿನಲ್ಲಿ ನ್ಯಾಯಾಲಯಕ್ಕೆ ಹೋದರು. 2018ರಲ್ಲಿ ನ್ಯಾಯಾಧೀಶರು ಆ ಕೇಂದ್ರದ ಕೆಲಸವನ್ನು ತಡೆಹಿಡಿದರು. 2021ರಲ್ಲಿ ಮೆಕ್ಸಿಕೊದ ಸರ್ವೋಚ್ಚ ನ್ಯಾಯಾಲಯ ಆ ತಡೆಯನ್ನು ಎತ್ತಿಹಿಡಿಯಿತು. ಇನ್ನೊಂದು ಕಡೆ, 2023ರ ಡಿಸೆಂಬರಿನಲ್ಲಿ ಮೊದಲ ಭಾಗ ಸಂಚಾರಕ್ಕೆ ತೆರೆದ ‘ಮಾಯಾ ರೈಲು’ ಹೆಚ್ಚು ಹೆಚ್ಚು ಪ್ರವಾಸಿಗಳನ್ನು ಇದೇ ಮಡುಗಳ ಬಳಿಗೆ ತರಲೆಂದು ಕಟ್ಟಿದ್ದು. ಪೂರ್ವತೀರದ ಭಾಗದಲ್ಲಿ ಅದರ ಹಳಿಯನ್ನು ಹೊರುವ ಉಕ್ಕಿನ ಕಂಬಗಳು ಗವಿಗಳ ಚಾವಣಿಯನ್ನು ತೂರಿ ಕೆಳಗಿಳಿದಿವೆ. ಉದ್ಯೋಗ ಬೇಕು, ನೀರೂ ಬೇಕು ಎನ್ನುವ ಜನರ ಮುಂದಿರುವ ತಕ್ಕಡಿ ಇದು.

ಒಂದು ಸಾವಿರ ವರ್ಷದ ಹಿಂದೆ ಇದೇ ಕಲ್ಲಿನ ಮೇಲೆ ಬದುಕಿದವರು ತಮ್ಮಲ್ಲಿದ್ದ ಅತ್ಯಂತ ಬೆಲೆಯುಳ್ಳ ವಸ್ತುಗಳನ್ನು ಬಾವಿಗೆ ಅರ್ಪಿಸಿದರು. ಅವರ ವಿಧಾನವನ್ನು ನಾವು ಒಪ್ಪಲಾರೆವು. ಆದರೆ ಬಾವಿಗಿಂತ ದೊಡ್ಡದು ಮತ್ತೊಂದಿಲ್ಲ ಎಂಬ ಅವರ ಎಣಿಕೆ ತಪ್ಪಾಗಿರಲಿಲ್ಲ. ಇಂದು ಆ ಬಾವಿಗೆ ಬೀಳುತ್ತಿರುವುದು ಚಿನ್ನವೂ ಅಲ್ಲ, ಹಸುರುಕಲ್ಲೂ ಅಲ್ಲ. ಪರ್ಯಾಯದ್ವೀಪದಲ್ಲಿ ಎಲ್ಲರಿಗೂ ಇರುವುದು ಒಂದೇ ಕೊಡ. ಅದು ಉಪ್ಪುನೀರಿನ ಮೇಲೆ ತೇಲುತ್ತಿದೆ, ಅದರ ಬಾಯಿ ಸಾವಿರಾರು ಕಡೆ ತೆರೆದಿದೆ. ಮಡುವಿನಲ್ಲಿ ಈಜುವವನೂ, ಹತ್ತಾರು ಮೈಲಿಯಾಚೆ ಹಿತ್ತಲ ಬಾವಿಯಿಂದ ನೀರು ಸೇದುವವಳೂ ಕೈಯಿಕ್ಕಿರುವುದು ಅದೇ ಕೊಡಕ್ಕೆ.